ಫಾದರ್ ಹಳೇಬೀಡಿಗೆ ಬರುತ್ತಿದ್ದ ಗುರುವಾರಗಳು

ಅರಸೀಕೆರೆಯ ಆ ಶಾಲೆಗೆ ನಾನು ಕನ್ನಡ ಟೀಚರಾಗಿ ಸೇರಿದಾಗ ನನ್ನ ತಂದೆಯನ್ನು ಕಾಡಿದ್ದು ಒಂದೇ ಪ್ರಶ್ನೆ. ನಮ್ಮದು ಹಾರನಹಳ್ಳಿಯಲ್ಲಿ ತಲೆಮಾರುಗಳಿಂದ ದೇವಸ್ಥಾನದ ಸೇವೆ ಮಾಡಿಕೊಂಡು ಬಂದ ಮನೆ. ಅಪ್ಪ ಒಂದು ದಿನ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ನನಗೂ ನನ್ನ ಗಂಡನಿಗೂ ಹೇಳದೆ, ಮುಖ್ಯೋಪಾಧ್ಯಾಯರನ್ನು ಕಾಣಲು ಬಂದುಬಿಟ್ಟಿದ್ದರು. ಮುಖ್ಯೋಪಾಧ್ಯಾಯರು ಕ್ಯಾಥೊಲಿಕ್ ಪಾದ್ರಿ. ಪಕ್ಕದ ಚರ್ಚಿನ ಗುರುಗಳೂ ಅವರೇ. ಎಲ್ಲರೂ ಫಾದರ್ ಎನ್ನುತ್ತಿದ್ದರು. ಮಗಳು ಕುಂಕುಮ ತೆಗೆಯಬೇಕಾಗುತ್ತದೆಯೇ ಎಂದು ಅಪ್ಪ ನೇರವಾಗಿ ಕೇಳಿದರಂತೆ. ಫಾದರ್ ನಗಲಿಲ್ಲ. “ತೆಗೆದು ಬಂದರೆ, ಎಂತಕ್ಕೆ ತೆಗೆದದ್ದು ಅಂತ ನಾನೇ ಕೇಳ್ತೇನೆ ಯಜಮಾನರೇ,” ಎಂದು ಹೇಳಿ ಕಾಫಿ ತರಿಸಿದರು. ಅಪ್ಪ ಹೊರಗೆ ಕಾಫಿ ಕುಡಿಯುವವರಲ್ಲ. ಅದು ತಿಳಿದೊಡನೆ ಫಾದರ್ ಗೇಟಿನಾಚೆ ಹೋಗಿ ಎಳನೀರು ಕೆತ್ತಿಸಿ ತಾವೇ ಹಿಡಿದುಕೊಂಡು ಬಂದರು. ಇದನ್ನು ಅಪ್ಪ ಕೊನೆಯವರೆಗೂ ಹೇಳಿಕೊಳ್ಳುತ್ತಿದ್ದರು.

ಫಾದರ್ ಕರಾವಳಿಯವರು. ಮನೆಮಾತು ಕೊಂಕಣಿ. ಅವರ ಕನ್ನಡ ಪುಸ್ತಕದ ಹಾಗಿತ್ತು, ನಡುನಡುವೆ ‘ಎಂತ’, ‘ಉಂಟು’ ಬರುತ್ತಿದ್ದವು. ಮಕ್ಕಳು ಬೆನ್ನ ಹಿಂದೆ ಅದನ್ನೇ ಅಣಕಿಸುತ್ತಿದ್ದರು, ಅವರಿಗೂ ಅದು ಗೊತ್ತಿತ್ತು. ನಾನು ಸೇರಿದ ಎರಡನೇ ತಿಂಗಳಲ್ಲೇ, ಶನಿವಾರ ಅರ್ಧ ದಿನದ ಶಾಲೆ ಮುಗಿದ ಮೇಲೆ, ಅವರು ಎರಡು ಹಾಳೆ ಹಿಡಿದುಕೊಂಡು ಸ್ಟಾಫ್ ರೂಮಿಗೆ ಬಂದರು. ಮಾರನೆಯ ದಿನ ಚರ್ಚಿನ ಪೂಜೆಯಲ್ಲಿ ಜನರಿಗೆ ಹೇಳಬೇಕಾದ ಮಾತುಗಳನ್ನು ಬರೆದಿದ್ದರು. ತಿದ್ದಿಕೊಡಬೇಕೆಂದು ಕೇಳಿದರು. ನಾನು ಗಾಬರಿಯಾಗಿ, ನನಗೆ ನಿಮ್ಮ ಧರ್ಮದ ವಿಷಯ ತಿಳಿಯದಲ್ಲ ಎಂದೆ. ಧರ್ಮ ನಾನು ನೋಡಿಕೊಳ್ಳುತ್ತೇನೆ, ಭಾಷೆ ನೀವು ನೋಡಿ ಎಂದರು. ಮುಂದಿನ ಬೆಂಚಿನಲ್ಲಿ ಸೊಪ್ಪು ಮಾರುವ ಒಬ್ಬ ಅಜ್ಜಿ ಕೂರುತ್ತಾಳೆ, ಅವಳಿಗೆ ಒಂದು ಮಾತೂ ಅರ್ಥವಾಗುವುದಿಲ್ಲ, ಆದರೂ ಪ್ರತಿ ವಾರ ಬಂದು ಕೂರುತ್ತಾಳೆ, ಅದನ್ನು ನೋಡಿದರೆ ನನಗೆ ನಾಚಿಕೆಯಾಗುತ್ತದೆ ಎಂದರು.

ಹಾಗೆ ಶುರುವಾದದ್ದು ಅವರು ಆ ಶಾಲೆಯಲ್ಲಿದ್ದ ಹನ್ನೊಂದು ವರ್ಷವೂ ನಡೆಯಿತು. ‘ಪಶ್ಚಾತ್ತಾಪ’ ಎಂದು ಬರೆದಲ್ಲಿ ನಾನು ‘ಮಾಡಿದ್ದು ನೆನೆದರೆ ಕರುಳು ಕುಯ್ದಂಗಾಗೋದು’ ಎಂದು ಬರೆದುಕೊಟ್ಟೆ. ಅದನ್ನು ಹೇಳಿದ ಭಾನುವಾರ ಸೊಪ್ಪಿನ ಅಜ್ಜಿ ಅತ್ತಳಂತೆ. ಸೋಮವಾರ ಪ್ರಾರ್ಥನೆಗೆ ಮೊದಲೇ ಫಾದರ್ ನನ್ನ ಬಳಿ ಬಂದು ಅದನ್ನು ಹೇಳಿದರು. ಬಹುಮಾನ ಬಂದ ಹುಡುಗನ ಹಾಗೆ ಅವರ ಮುಖ ಅರಳಿತ್ತು.

ಇಷ್ಟು ಒಳ್ಳೆಯ ಮನುಷ್ಯ ಮಾಡಿದ ಒಂದು ತಪ್ಪನ್ನೂ ಹೇಳಬೇಕು. ಆ ತಪ್ಪಿನಲ್ಲಿ ನನ್ನ ಪಾಲೂ ಇದೆ.

ನಮ್ಮ ಶಾಲೆಯ ಎಸ್ಸೆಸ್ಸೆಲ್ಸಿ ಫಲಿತಾಂಶ ಸತತವಾಗಿ ನೂರಕ್ಕೆ ನೂರು ಬರುತ್ತಿತ್ತು. ಅದು ಫಾದರ್ ಬಂದ ಮೇಲೆ ಆದದ್ದು. ಊರವರು ಅದಕ್ಕೇ ಮಕ್ಕಳನ್ನು ಅಲ್ಲಿಗೆ ಸೇರಿಸಲು ಸಾಲು ನಿಲ್ಲುತ್ತಿದ್ದರು. ನೂರು ಉಳಿಸಿಕೊಳ್ಳಲು ಎಲ್ಲ ಕಡೆ ಮಾಡುವುದನ್ನೇ ನಾವೂ ಮಾಡಿದೆವು. ಹತ್ತರಲ್ಲಿ ಫೇಲಾಗಬಹುದು ಎನಿಸಿದವರನ್ನು ಒಂಬತ್ತರಲ್ಲೇ ನಿಲ್ಲಿಸುವುದು. ಒಂದು ವರ್ಷ ಒಂಬತ್ತನೇ ತರಗತಿಯ ಕ್ಲಾಸ್ ಟೀಚರ್ ನಾನು. ಮೂವರನ್ನು ನಿಲ್ಲಿಸಿದೆವು. ಇಬ್ಬರು ಹುಡುಗರು ಬೇರೆ ಶಾಲೆಗೆ ಹೋದರು. ಮೂರನೆಯವಳು ಕಣಕಟ್ಟೆ ಕಡೆಯಿಂದ ದಿನವೂ ಬಸ್ಸಿನಲ್ಲಿ ಬರುತ್ತಿದ್ದ ಹುಡುಗಿ. ಮಾತು ಕಡಿಮೆ, ಅಕ್ಷರ ಮುತ್ತಿನ ಹಾಗೆ. ಲೆಕ್ಕ ಒಂದು ಬಿಟ್ಟು ಬೇರೆಲ್ಲದರಲ್ಲೂ ಹೇಗೋ ದಾಟುತ್ತಿದ್ದಳು.

ಅವಳ ತಾಯಿ ಎರಡು ಸಲ ಬಂದರು. ಮೊದಲ ಸಲ ಆಫೀಸಿನಲ್ಲಿ ನಿಂತು ಬೇಡಿಕೊಂಡರು. ಒಂದೇ ವರ್ಷ, ಅವಳ ಒಳ್ಳೆಯದಕ್ಕೇ ಎಂದು ಫಾದರ್ ಸಮಾಧಾನ ಹೇಳಿ ಕಳಿಸಿದರು. ಎರಡನೆಯ ಸಲ ಒಳಗೆ ಬರದೆ ಬೇವಿನ ಮರದ ಕೆಳಗೆ ಸಂಜೆಯವರೆಗೂ ನಿಂತಿದ್ದರು. ಕಿಟಕಿಯಿಂದ ನಾನು ನೋಡುತ್ತಲೇ ಇದ್ದೆ. ಆ ಮಗುವಿಗೆ ಬೇಸಿಗೆ ರಜೆಯಲ್ಲಿ ಲೆಕ್ಕದ ಪಾಠ ಹೇಳಿಸಿದರೆ ಆಗುತ್ತದೆ ಎಂದು ಫಾದರ್‌ಗೆ ನಾನೊಬ್ಬಳು ಹೇಳಿದ್ದರೂ ಅವರು ಕೇಳುತ್ತಿದ್ದರೇನೋ. ನನ್ನ ಮಾತಿಗೆ ಅಷ್ಟು ಬೆಲೆ ಇತ್ತು. ನಾನು ಹೇಳಲಿಲ್ಲ. ಅಂಕಪಟ್ಟಿಗೆ ಸಹಿ ಹಾಕಿ ರಜೆಗೆ ಮನೆಗೆ ಹೋದೆ.

ಜೂನ್‌ನಲ್ಲಿ ಅವಳು ಬರಲಿಲ್ಲ. ಹದಿನಾರು ತುಂಬುವ ಮೊದಲೇ ಮದುವೆ ಮಾಡಿಬಿಟ್ಟರೆಂದು ಅದೇ ಬಸ್ಸಿನಲ್ಲಿ ಬರುತ್ತಿದ್ದ ಇನ್ನೊಬ್ಬ ಹುಡುಗಿಯಿಂದ ತಿಳಿಯಿತು. ಫಾದರ್‌ಗೆ ಹೇಳಿದೆ. ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಆ ಶನಿವಾರ ಹಾಳೆ ತರಲಿಲ್ಲ. ಅದರ ಮುಂದಿನ ವರ್ಷದಿಂದ ಯಾರನ್ನೂ ನಿಲ್ಲಿಸಬಾರದೆಂದರು, ನೂರು ಹೋಯಿತು. ಕೆಲವು ಪೋಷಕರು ಸಭೆಯಲ್ಲಿ ಗದ್ದಲ ಮಾಡಿದರು. ಫಾದರ್ ಎದ್ದು ನಿಂತು, ನೂರು ನನಗೆ ಬೇಡ ಎಂದಷ್ಟೇ ಹೇಳಿ ಕೂತರು.

ಆಮೇಲೆ ಅವರಿಗೆ ವರ್ಗವಾಯಿತು. ಪಾದ್ರಿಗಳಿಗೆ ಇದೊಂದು ರೀತಿ. ಕಾಗದ ಬಂದರೆ ಎರಡು ಪೆಟ್ಟಿಗೆ ಹಿಡಿದು ಹೊರಡಬೇಕು. ಒಂದೂರಿನಲ್ಲಿ ಶಾಲೆ ಕಟ್ಟಿದರು, ಇನ್ನೊಂದೂರಿನಲ್ಲಿ ಮುಚ್ಚುವ ಹಂತದಲ್ಲಿದ್ದ ಶಾಲೆಯನ್ನು ಎತ್ತಿ ನಿಲ್ಲಿಸಿದರು. ವರ್ಷಕ್ಕೊಮ್ಮೆ ಫೋನು ಮಾಡಿ ಅಪ್ಪನ ಆರೋಗ್ಯ ಕೇಳುತ್ತಿದ್ದರು. ಅಪ್ಪ ಹೋದಾಗ ಹಾರನಹಳ್ಳಿಗೇ ಬಂದು, ಮನೆಯ ಹೊರಗೆ ಚಪ್ಪಲಿ ಬಿಟ್ಟು, ಜಗಲಿಯಲ್ಲಿ ನನ್ನ ಅಣ್ಣನ ಪಕ್ಕ ಸುಮ್ಮನೆ ಕೂತಿದ್ದು ಹೋದರು.

ಎಪ್ಪತ್ತು ದಾಟಿದ ಮೇಲೆ ಅವರನ್ನು ಬೇಲೂರು ಕಡೆಯ ಒಂದು ಚಿಕ್ಕ ಚರ್ಚಿಗೆ ಹಾಕಿದರು. ಹೆಚ್ಚು ಕುಟುಂಬಗಳಿಲ್ಲ, ಶಾಲೆಯಿಲ್ಲ. ಅಷ್ಟರಲ್ಲಿ ನಾನೂ ನಿವೃತ್ತಳಾಗಿದ್ದೆ. ಒಂದು ಸಂಜೆ ಅವರ ಫೋನು ಬಂತು. “ಟೀಚರ್, ಆ ಹುಡುಗಿ ಸಿಕ್ಕಿದಳು,” ಎಂದರು. ಯಾವ ಹುಡುಗಿ ಎಂದು ನಾನು ಕೇಳಬೇಕಾಗಲಿಲ್ಲ.

ಊರಿನಿಂದ ಬಂದ ನೆಂಟರಿಗೆ ಹಳೇಬೀಡಿನ ದೇವಸ್ಥಾನ ತೋರಿಸಲು ಹೋಗಿದ್ದರಂತೆ. ಹೊರಗೆ ತಳ್ಳುಗಾಡಿಯಲ್ಲಿ ಸೀಬೆಕಾಯಿ, ಸೌತೆಕಾಯಿ ಹೆಚ್ಚಿ ಉಪ್ಪುಖಾರ ಹಾಕಿ ಕೊಡುತ್ತಿದ್ದ ಹೆಂಗಸು ಇವರನ್ನು ನೋಡಿ ಸೆರಗು ಎಳೆದುಕೊಂಡು ಮುಖ ತಿರುಗಿಸಿದಳು. ಫಾದರ್ ಗುರುತು ಹಿಡಿದು ಹತ್ತಿರ ಹೋಗಿ, ಚೆನ್ನಾಗಿದ್ದೀಯಾ, ಎಲ್ಲಿದ್ದೀಯಾ ಎಂದು ವಿಚಾರಿಸಿದ್ದಾರೆ. ಅವಳು ಕತ್ತರಿಸುತ್ತಿದ್ದ ಕೈ ನಿಲ್ಲಿಸದೆ ಹೇಳಿದಳಂತೆ: “ನೀವು ಒಂಬತ್ತರಲ್ಲಿ ನಿಲ್ಸಿದ್ರಲ್ಲ ಫಾದರ್, ಅಲ್ಲೇ ನಿಂತ್ಕಂಡಿವ್ನಿ.”

ಅವಳು ಸಿಟ್ಟಿನಿಂದ ಹೇಳಿರಲಿಲ್ಲ, ಅದೇ ನನ್ನನ್ನು ಕೊಲ್ಲುತ್ತಿದೆ ಎಂದರು ಫಾದರ್.

ಮುಂದಿನ ವಾರ ಮತ್ತೆ ಹೋದರು. ಶಾಲೆಗೆ ಹೋಗದೆಯೂ ಖಾಸಗಿಯಾಗಿ ಪರೀಕ್ಷೆ ಕಟ್ಟಬಹುದು, ನಾನೇ ಹೇಳಿಕೊಡುತ್ತೇನೆ ಎಂದರು. ಅವಳು ಮೊದಲು ನಕ್ಕಳಂತೆ. ಮೂರನೆಯ ವಾರ ಒಪ್ಪಿದಳು. ಗುರುವಾರ ಪ್ರವಾಸಿಗರು ಕಡಿಮೆ. ಬೆಳಗಿನ ಪೂಜೆ ಮುಗಿಸಿ ಫಾದರ್ ಬಸ್ಸು ಹತ್ತುತ್ತಿದ್ದರು. ಅವಳ ಬಾಡಿಗೆ ಮನೆ ಒಂದು ಓಣಿಯಲ್ಲಿತ್ತು, ಎದುರಿಗೆ ಕಿರಿದಾದ ಜಗಲಿ. ಅಲ್ಲೇ ಚಾಪೆ ಹಾಸಿ ಪಾಠ. ಹೋಟೆಲಿನಲ್ಲಿ ಅಡುಗೆ ಕೆಲಸ ಮಾಡುತ್ತಿದ್ದ ಅವಳ ಗಂಡ, ಓದ್ಕಂಡು ಯಾವ ಆಫೀಸ್ರು ಆಗ್ಬೇಕು ಎಂದನಾದರೂ ಅಡ್ಡ ಬರಲಿಲ್ಲ.

ಅಡ್ಡ ಬಂದದ್ದು ಊರಿನ ಬಾಯಿ. ಬಿಳಿ ನಿಲುವಂಗಿಯಲ್ಲಿ ಪಾದ್ರಿಯೊಬ್ಬರು ವಾರವಾರ ಒಂದೇ ಮನೆಗೆ ಬರುತ್ತಾರೆಂದರೆ ಮತಾಂತರಕ್ಕೇ ಇರಬೇಕು ಎಂದು ಕೆಲವರು ಮಾತಾಡಿಕೊಂಡರು. ಫಾದರ್ ನಿಲುವಂಗಿ ಬಿಟ್ಟು ಅಂಗಿ ಪ್ಯಾಂಟಿನಲ್ಲಿ ಹೋದರು. ಆಗ, ವೇಷ ಮರೆಸಿಕೊಂಡು ಬರುತ್ತಾನೆ ಎಂದರು. ಫಾದರ್ ನನಗೆ ಫೋನು ಮಾಡಿ ಕೇಳಿದರು, “ನೀವು ಒಂದು ಬದಿಯಲ್ಲಿ ಕೂತಿರ್ತೀರಾ ಟೀಚರ್? ನಿಮ್ಮ ಮನೆತನ ಈ ಸುತ್ತಿನವರಿಗೆ ಗೊತ್ತುಂಟು. ನೀವಿದ್ದರೆ ಬಾಯಿ ಮುಚ್ಚುತ್ತಾರೆ.”

ನಾನು ಹೋದೆ. ಅರಸೀಕೆರೆಯಿಂದ ಜಾವಗಲ್ ಮೇಲೆ ಬಸ್ಸು. ಮೊದಲ ದಿನ ಅವಳು ನನ್ನನ್ನು ನೋಡಿ, ಬನ್ನಿ ಟೀಚರ್ ಎಂದು ಚಾಪೆ ಸರಿಸಿದಳು. ಲೆಕ್ಕ ಫಾದರ್‌ದು, ಕನ್ನಡ ನನ್ನದು. ಅವಳ ಅಕ್ಷರ ಕೆಟ್ಟಿತ್ತು. ಖಾರದ ಪುಡಿಯಿಂದ ಬೆರಳ ತುದಿ ಸೀಳಿ ಪೆನ್ನು ಹಿಡಿಯಲು ಕಷ್ಟಪಡುತ್ತಿದ್ದಳು. ಆದರೂ ವಾರವಾರಕ್ಕೆ ಸುಧಾರಿಸಿತು. ಒಂದು ದಿನ ಅವಳೇ ಒಂದು ಸಮೀಕರಣ ಬಿಡಿಸಿ ಪುಸ್ತಕ ಮುಂದೆ ತಳ್ಳಿದಾಗ ಫಾದರ್ ಅದನ್ನು ಮೂರು ಸಲ ನೋಡಿ, ಸರಿಯುಂಟು ಎಂದರು. ಅವಳು ಮುಖ ಮುಚ್ಚಿಕೊಂಡಳು. ಆ ಜಗಲಿಯಲ್ಲಿ ನಾವು ಮೂವರೂ ಸಂತೋಷವಾಗಿದ್ದೆವು ಎಂದು ಈಗ ಹೇಳಬಲ್ಲೆ.

ಆಗಲೇ ಫಾದರ್‌ನಲ್ಲಿ ಸಣ್ಣ ಬದಲಾವಣೆ ಕಾಣುತ್ತಿತ್ತು. ಹೇಳಿದ ಸೂತ್ರವನ್ನೇ ಅರ್ಧ ಗಂಟೆಯಲ್ಲಿ ಮತ್ತೆ ಹೇಳುತ್ತಿದ್ದರು. ಅವಳು ಮೊದಲ ಸಲ ಕೇಳುವವಳಂತೆ ಮತ್ತೆ ಬರೆದುಕೊಳ್ಳುತ್ತಿದ್ದಳು. ಒಮ್ಮೆ ಬಸ್ ನಿಲ್ದಾಣದ ದಾರಿ ತೋಚದೆ ಕೆರೆಯ ಕಡೆ ನಡೆದುಹೋಗಿದ್ದರು. ವಯಸ್ಸಾಯಿತಲ್ಲ ಎಂದುಕೊಂಡು ಸುಮ್ಮನಾದೆ.

ಒಂಬತ್ತನೆಯ ವಾರವೋ ಹತ್ತನೆಯದೋ, ಅಣ್ಣನ ಫೋನು ಬಂತು. ಅಪ್ಪನ ನಂತರ ದೇವಸ್ಥಾನದ ಸೇವೆ ಅವನದು. ಬೈಯಲಿಲ್ಲ; ಬೈದಿದ್ದರೆ ನಾನು ಜಗಳವಾಡುತ್ತಿದ್ದೆ. “ನೀನು ಅಲ್ಲಿ ಹೋಗಿ ಕೂತ್ಕೋತೀಯಂತೆ ಕಣೇ. ಪೂಜೆಗೆ ಬಂದೋರು ಕೇಳ್ತಾರೆ. ನಾನೇನು ಹೇಳ್ಲಿ ಹೇಳು?” ಎಂದ. ಫಾದರ್ ಅಪ್ಪನ ಸಾವಿಗೆ ಬಂದು ಕೂತಿದ್ದನ್ನು ನೆನಪಿಸಿದೆ. “ಅದೆಲ್ಲ ನಂಗೆ ಗೊತ್ತು. ಅವರಿಗೆ ಗೊತ್ತಿಲ್ವಲ್ಲ,” ಎಂದ. ಅವನ ಧ್ವನಿಯಲ್ಲಿದ್ದದ್ದು ಭಯ.

ಮುಂದಿನ ಗುರುವಾರ ನಾನು ಹೋಗಲಿಲ್ಲ. ಮಂಡಿನೋವು ಎಂದು ಫಾದರ್‌ಗೆ ಸುಳ್ಳು ಹೇಳಿದೆ. ಕಾಲು ನೋಡಿಕೊಳ್ಳಿ, ಬಸ್ಸಿನ ಮೆಟ್ಟಿಲು ಎತ್ತರ ಉಂಟು ಎಂದರು. ನಾಲ್ಕು ದಿನ ಬಿಟ್ಟು ಅರಸೀಕೆರೆಗೆ ಬರುವವರೊಬ್ಬರ ಕೈಯಲ್ಲಿ ಒಂದು ಬಾಟಲಿ ಎಣ್ಣೆ ಕಳಿಸಿದರು. ಅವರ ಊರಿನಲ್ಲಿ ಮಂಡಿನೋವಿಗೆ ಕಾಯಿಸುವ ಎಣ್ಣೆ. ಬಿಸಿ ಮಾಡಿ ಹಚ್ಚಬೇಕು, ತಣ್ಣೀರು ಮುಟ್ಟಬಾರದು ಎಂದು ಚೀಟಿ ಬರೆದಿದ್ದರು. ಆ ಚೀಟಿಯಲ್ಲಿ ಎರಡು ಕಾಗುಣಿತದ ತಪ್ಪುಗಳಿದ್ದವು. ನನ್ನ ಗಂಡ ನೋಡಿ, ನಿನಗೆ ಯಾವಾಗ ಮಂಡಿನೋವು ಬಂತು ಎಂದರು. ನಾನು ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ.

ನಾನಿಲ್ಲದ ಮೂರನೆಯ ಗುರುವಾರ ಐದಾರು ಗಂಡಸರು ಆ ಜಗಲಿಗೆ ಬಂದರು. ಇಲ್ಲೇನು ಕೆಲಸ ಎಂದು ಫಾದರನ್ನು ಕೇಳಿದರು. ಚೀಲ ಕಿತ್ತುಕೊಂಡು ಕೆಳಗೆ ಸುರಿದರು. ಬಿದ್ದದ್ದು ಗಣಿತದ ಪುಸ್ತಕ, ಸ್ಕೇಲು, ಕಾಂಪಾಸು, ಒಂದು ಟಿಫಿನ್ ಡಬ್ಬಿ. ಅವಳು ಅಡ್ಡ ನಿಂತು, ನನಗೆ ಲೆಕ್ಕ ಹೇಳಿಕೊಡುತ್ತಿದ್ದಾರೆ ಎಂದು ಹೇಳಿದಳು. ಮೂವತ್ತು ದಾಟಿದ ಹೆಂಗಸಿಗೆ ಎಂಥ ಲೆಕ್ಕ ಎಂದು ಒಬ್ಬ ನಕ್ಕ. ಯಾರೂ ಹೊಡೆಯಲಿಲ್ಲ. ಇನ್ನು ಈ ಕಡೆ ಬರಬೇಡಿ ಎಂದು ಬಸ್ ನಿಲ್ದಾಣದವರೆಗೂ ಹಿಂದೆ ನಡೆದು ಬಂದರು. ಒಬ್ಬ ಅದನ್ನೆಲ್ಲ ಮೊಬೈಲಿನಲ್ಲಿ ಹಿಡಿದಿದ್ದ. ಎರಡು ದಿನದಲ್ಲಿ ಅದು ನನ್ನ ಫೋನಿಗೂ ಬಂತು. ಫಾದರ್ ತಲೆ ತಗ್ಗಿಸಿ ಕೂತು ಕಾಂಪಾಸಿನ ಡಬ್ಬಿಯೊಳಗೆ ಒಂದೊಂದೇ ಸಾಮಾನು ಹುಡುಕಿ ಇಡುತ್ತಿರುವುದು ಅದರಲ್ಲಿ ಕಾಣುತ್ತಿತ್ತು. ಮುಂದಕ್ಕೆ ನೋಡಲು ನನ್ನಿಂದ ಆಗಲಿಲ್ಲ.

ಅವರ ಮೇಲಿನವರು ಹೆದರಿದರು. ವಯಸ್ಸಾಗಿದೆ, ಮರೆವೂ ಶುರುವಾಗಿದೆ, ಇಲ್ಲಿ ಬಿಡುವುದು ಕ್ಷೇಮವಲ್ಲ ಎಂದು ತಿಂಗಳೊಳಗೆ ದೂರದ ಊರಿನಲ್ಲಿ ವಯಸ್ಸಾದ ಪಾದ್ರಿಗಳಿರುವ ಮನೆಗೆ ಕಳಿಸಿದರು. ಹೊರಡುವ ಮುನ್ನ ನನಗೆ ಫೋನು ಮಾಡಿದರು. ಪರೀಕ್ಷೆ ಹತ್ತಿರ ಉಂಟು, ಅವಳ ತ್ರಿಕೋನಮಿತಿ ಮುಗಿಯಲಿಲ್ಲ ಎಂದರು. ಮತ್ತೆ ಮತ್ತೆ ಅದನ್ನೇ ಹೇಳಿದರು. ನಾನು ನೋಡಿಕೊಳ್ಳುತ್ತೇನೆ ಎಂದೆ. ನೋಡಿಕೊಳ್ಳಲಿಲ್ಲ. ಅವಳಿಗೆ ಮುಖ ತೋರಿಸುವ ಧೈರ್ಯ ಬರಲಿಲ್ಲ.

ಅವಳು ಒಬ್ಬಳೇ ಹೋಗಿ ಪರೀಕ್ಷೆ ಬರೆದಳು. ಐದು ವಿಷಯದಲ್ಲಿ ಪಾಸು, ಲೆಕ್ಕದಲ್ಲಿ ಫೇಲು.

ಅದು ನನಗೆ ತಿಳಿದದ್ದು ಅವಳೇ ಫೋನು ಮಾಡಿದಾಗ, ಫಲಿತಾಂಶ ಬಂದು ಎರಡು ತಿಂಗಳಾದ ಮೇಲೆ. ಫಾದರನ್ನು ನೋಡಬೇಕು, ಎಲ್ಲಿದ್ದಾರೆ, ನಿಮಗೆ ಗೊತ್ತೇ ಎಂದು ಕೇಳಿದಳು. ನಾನು ಜೊತೆಗೆ ಬರುತ್ತೇನೆ ಎಂದೆ. ಅರಸೀಕೆರೆ ಬಸ್ ನಿಲ್ದಾಣದಲ್ಲಿ ಭೇಟಿಯಾದೆವು. ಹೊಸ ಸೀರೆ ಉಟ್ಟು, ಒಂದು ಚೀಲ ಸೀಬೆಹಣ್ಣು ತಂದಿದ್ದಳು.

ಆ ಮನೆ ಚೊಕ್ಕಟವಾಗಿತ್ತು. ಉದ್ದನೆಯ ವರಾಂಡದಲ್ಲಿ ಫಾದರ್ ಕುರ್ಚಿಯಲ್ಲಿ ಕೂತಿದ್ದರು. ತೆಳ್ಳಗಾಗಿದ್ದರು. ಯಾರೋ ನೀಟಾಗಿ ಕ್ಷೌರ ಮಾಡಿದ್ದರು. ನೋಡಿಕೊಳ್ಳುವ ಸಿಸ್ಟರ್ ಮೊದಲೇ ಹೇಳಿದ್ದರು, ಈಗ ಅವರಿಗೆ ಕನ್ನಡ ಬರುವುದಿಲ್ಲ, ಇಂಗ್ಲಿಷೂ ಹೋಗಿದೆ, ಚಿಕ್ಕಂದಿನ ಕೊಂಕಣಿ ಒಂದೇ ಉಳಿದಿದೆ ಎಂದು. ಆದರೂ ನನಗೆ ನಂಬಿಕೆ ಬಂದಿರಲಿಲ್ಲ. ಹತ್ತಿರ ಹೋಗಿ, ಫಾದರ್, ನಾನು ಕನ್ನಡ ಟೀಚರ್ ಎಂದೆ. ಅವರು ನಯವಾಗಿ ನಕ್ಕರು. ಗುರುತಿಲ್ಲದವರನ್ನು ನೋಡಿ ನಗುವ ನಗೆ ಅದು. ನಾನು ಇನ್ನೇನೇನೋ ಹೇಳಿದೆ. ಶಾಲೆಯ ಬೇವಿನ ಮರ, ಸೊಪ್ಪಿನ ಅಜ್ಜಿ, ಅಪ್ಪನಿಗೆ ತಂದುಕೊಟ್ಟ ಎಳನೀರು. ನನ್ನ ತುಟಿಯನ್ನೇ ನೋಡುತ್ತಿದ್ದರು. ಮಂಡಿನೋವು ಸುಳ್ಳು ಎಂದೂ ಹೇಳಿದೆ. ಅದಕ್ಕೂ ತಲೆಯಾಡಿಸಿದರು.

ಅವಳು ಮುಂದೆ ಬಂದು ನೆಲದ ಮೇಲೆ ಕೂತಳು. ಅವರು ಅವಳ ತಲೆ ಮುಟ್ಟಿ ಕೊಂಕಣಿಯಲ್ಲಿ ಏನೋ ಕೇಳಿದರು. ಊಟ ಮಾಡಿದೆಯಾ ಎನ್ನುತ್ತಿದ್ದಾರೆ, ತಂಗಿ ಅಂದುಕೊಂಡಿದ್ದಾರೆ ಎಂದರು ಸಿಸ್ಟರ್. “ಊಟ ಆಯ್ತು ಫಾದರ್,” ಎಂದಳು. ಆಮೇಲೆ ಹೇಳಿದಳು: “ಪಾಸಾದೆ ಫಾದರ್. ಲೆಕ್ಕದಲ್ಲೂ ಪಾಸಾದೆ.”

ಅವರಿಗೆ ಅರ್ಥವಾಗಲಿಲ್ಲ. ಸಿಸ್ಟರ್ ಅದನ್ನು ಕೊಂಕಣಿಯಲ್ಲಿ ಹೇಳಿದರು. ಆಗಲೂ ಅವರು ನಗುತ್ತಾ ಕೈ ಅಲ್ಲಾಡಿಸಿದರಷ್ಟೇ. ನಂತರ ಬಿಸಿಲು ಕಾಲಿಗೆ ಬಿದ್ದಾಗ ಕುರ್ಚಿ ಸರಿಸಲು ಸನ್ನೆ ಮಾಡಿದರು. ನಾವಿಬ್ಬರೂ ಹಿಡಿದು ಸರಿಸಿದೆವು.

ವಾಪಸು ಬರುವಾಗ ಬಸ್ಸು ಅರ್ಧ ಖಾಲಿ. ಸುಳ್ಳು ಯಾಕೆ ಹೇಳಿದೆ ಎಂದು ನಾನು ಕೇಳಲಿಲ್ಲ. ಬದಲಿಗೆ ನನ್ನದನ್ನು ಹೇಳಿದೆ. ಜಗಲಿಗೆ ಬರುವುದನ್ನು ಬಿಟ್ಟದ್ದು ಅಣ್ಣನ ಮಾತಿಗೆ, ಕಾಲುನೋವಿಗಲ್ಲ. ಅದಕ್ಕೂ ಮೊದಲು, ನಿನ್ನನ್ನು ಒಂಬತ್ತರಲ್ಲಿ ನಿಲ್ಲಿಸಿದ್ದು ಫಾದರ್ ಒಬ್ಬರೇ ಅಲ್ಲ, ನಾನೂ ಕೂಡ.

ಅವಳು ಕಿಟಕಿಯ ಹೊರಗೆ ನೋಡುತ್ತಿದ್ದಳು. “ಗೊತ್ತು ಟೀಚರ್,” ಎಂದಳು. “ಮಾರ್ಕ್ಸ್ ಕಾರ್ಡ್ನಾಗೆ ನಿಮ್ ಸೈನೂ ಇತ್ತಲ್ಲ. ಫಾದರ್ ಹುಡುಕ್ಕಂಡು ಬಂದ್ರು. ನೀವೂ ಯಾವತ್ತಾರ ಹೇಳ್ತೀರೇನೋ ಅಂತಿದ್ದೆ.”

ಅರಸೀಕೆರೆಯಲ್ಲಿ ಇಳಿದು ಅವಳನ್ನು ಹಳೇಬೀಡಿನ ಬಸ್ಸಿಗೆ ಹತ್ತಿಸಿದೆ. ಸೀಟು ಸಿಕ್ಕಿತೇ ಎಂದು ಕೆಳಗಿನಿಂದ ಕೇಳಿದೆ. ಸಿಕ್ತು, ನೀವು ಹೋಗಿ ಟೀಚರ್ ಎಂದಳು.

ಲೆಕ್ಕದ ಪರೀಕ್ಷೆ ಮತ್ತೆ ಕಟ್ಟು, ಒಳ್ಳೆಯ ಮೇಷ್ಟ್ರನ್ನು ಗೊತ್ತುಮಾಡುತ್ತೇನೆ ಎಂದು ಆಮೇಲೆ ಎರಡು ಸಲ ಫೋನಿನಲ್ಲಿ ಹೇಳಿದೆ. ಐದು ಆಗೈತಲ್ಲ, ಸಾಕು ಎಂದಳು. ಫಾದರ್ ಬಂದು ಹೇಳಿಕೊಟ್ಟರೆ ಮಾತ್ರ ಕಟ್ಟುತ್ತಿದ್ದಳು ಎಂದು ನನಗನಿಸುತ್ತದೆ.

ಫಾದರ್ ತೀರಿಕೊಂಡದ್ದು ಮರುವರ್ಷದ ಮಳೆಗಾಲದಲ್ಲಿ. ಮಣ್ಣು ಮಾಡಿದ್ದು ಅವರ ಊರಿನಲ್ಲೇ. ನಮಗೆ ಹೋಗಲಾಗಲಿಲ್ಲ. ಅರಸೀಕೆರೆಯ ಚರ್ಚಿನಲ್ಲಿ ಅವರ ನೆನಪಿಗೆ ಒಂದು ಸಂಜೆ ಪೂಜೆ ಇಟ್ಟಿದ್ದರು. ಹಿಂದಿನ ಬೆಂಚಿನಲ್ಲಿ ನಾನು ಕೂತೆ. ಅಣ್ಣನೂ ಬಂದ. ನಾನು ಕರೆದಿರಲಿಲ್ಲ. ಚರ್ಚಿನೊಳಗೆ ಬರಲು ಅವನಿಗೆ ಆಗಲಿಲ್ಲ; ಮೆಟ್ಟಿಲ ಪಕ್ಕದಲ್ಲಿ ಚಪ್ಪಲಿ ಬಿಟ್ಟು, ಕೈಕಟ್ಟಿ, ಮುಗಿಯುವವರೆಗೂ ನಿಂತಿದ್ದ. ವೇದಿಕೆಯ ಮೇಲೆ ಈಗಿನ ಗುರುಗಳು ಫಾದರ್ ಕಟ್ಟಿದ ಶಾಲೆಗಳ ಹೆಸರು ಹೇಳಿ, ಅವರ ಕಾಲದಲ್ಲಿ ಎಷ್ಟು ವರ್ಷ ಸತತವಾಗಿ ನೂರಕ್ಕೆ ನೂರು ಬಂತೆಂದು ಹೊಗಳಿದರು. ಜನ ತಲೆದೂಗಿದರು. ಎದ್ದು ನಿಂತು ಹೇಳಬೇಕೆನಿಸಿತು, ನೂರನ್ನು ಅವರೇ ಬೇಡವೆಂದು ಬಿಟ್ಟರು ಎಂದು. ಎಂದಿನ ಹಾಗೆ ಕೂತೇ ಇದ್ದೆ.

ಮನೆಗೆ ಬಂದು ಅವಳಿಗೆ ಫೋನು ಮಾಡಿದೆ. ಕೊನೆಗೆ ನೋವುಪಟ್ಟರೇ ಎಂದು ಕೇಳಿದಳು. ಇಲ್ಲವಂತೆ, ನಿದ್ದೆಯಲ್ಲೇ ಹೋದರಂತೆ ಎಂದೆ. ಹಿಂದೆ ಬಸ್ಸಿನ ಹಾರನ್ನು, ಮಕ್ಕಳ ಗಲಾಟೆ ಕೇಳಿಸುತ್ತಿತ್ತು. ಯಾವುದೋ ಶಾಲೆಯ ಪ್ರವಾಸ ಬಂದಿರಬೇಕು. “ಇರಿ ಟೀಚರ್,” ಎಂದಳು. ಅವಳು ಯಾರಿಗೋ ಸೀಬೆಕಾಯಿ ಕೊಟ್ಟು, ಖಾರ ಬೇಕಾ ಬ್ಯಾಡ್ವಾ ಎಂದು ಕೇಳುವುದು ಕೇಳಿಸಿತು. ನಾನು ಫೋನು ಕಿವಿಗೆ ಹಿಡಿದು ಕಾದೆ. ಆಮೇಲೆ ಅವಳು ಅಳುತ್ತಿರುವುದು ಗೊತ್ತಾಯಿತು. ನಾನೂ ಫೋನು ಇಡದೆ ಹಾಗೇ ಹಿಡಿದುಕೊಂಡು ಕೂತೆ.